ಹಿಟ್ಟು ಬಾಚುವಾಗಿನ ಪದ

ನನಗೆ ಹೊಟ್ಟೆಕಿಚ್ಚು ಅಂಟಿಕೊಂಡದ್ದು ಹನ್ನೊಂದನೆಯ ವಯಸ್ಸಿನಲ್ಲಿ, ಒಂದು ಬುಧವಾರ ಬೆಳಿಗ್ಗೆ, ಅಪ್ಪ ಅರ್ಧ ಮುಖ ಕ್ಷೌರ ಮಾಡಿಕೊಂಡಿದ್ದಾಗ. ಅದಕ್ಕೆ ಮುಂಚೆ ನನಗೆ ಅದರ ಅಗತ್ಯವೇ ಬಿದ್ದಿರಲಿಲ್ಲ. ಹೊಸೂರಿನ ಕೆರೆ ಬೀದಿಯ ನಮ್ಮ ಮನೆಗೆ ನಾನೊಬ್ಬಳೇ ಮಗಳು, ನಾನೊಬ್ಬಳೇ ಹಾಡುವವಳು. ಅಪ್ಪನ ಕಾಲು ಹಾರ್ಮೋನಿಯಂ ಪಕ್ಕದಲ್ಲಿ ಕೈಕಟ್ಟಿ ನಿಲ್ಲುವ ಹಕ್ಕೂ ನನ್ನೊಬ್ಬಳದೇ. ಮನೆ ರೈಲು ಡಬ್ಬಿಯ ಹಾಗೆ ಉದ್ದಕ್ಕಿತ್ತು: ಬೀದಿಗೆ ಜಗಲಿ, ಆಮೇಲೆ ನಡುಮನೆ, ಅದರ ಹಿಂದೆ ಅಡುಗೆಮನೆ, ಕೊನೆಯಲ್ಲಿ ಹಿಂದಿನ ಪಡಸಾಲೆ. ನಡುಮನೆಯಲ್ಲಿ ಅಪ್ಪನ ಹಾರ್ಮೋನಿಯಂ, ಹಿಂದಿನ ಪಡಸಾಲೆಯಲ್ಲಿ ಅಮ್ಮನ ರಾಗಿ ಕಲ್ಲು. ಎರಡರ ನಡುವೆ ಹದಿನೆಂಟು ಹೆಜ್ಜೆ ಮತ್ತು ಅಮ್ಮ.

ಅಪ್ಪ ಹೈಸ್ಕೂಲಿನಲ್ಲಿ ಇಂಗ್ಲಿಷ್ ಮೇಷ್ಟರು. ಮತ್ತಿಗಿರಿ ಕಡೆಯ ಒಂದು ಹಳೇ ಬಂಗಲೆಯ ಸಾಮಾನು ಹರಾಜಾದಾಗ ಮಿಕ್ಕವರು ಮಂಚ, ಬೀರು ಎಂದು ಮುಗಿಬಿದ್ದರೆ ಅವರು ಆ ಹಾರ್ಮೋನಿಯಂ ತಂದರು. ಕಾಲಿನಿಂದ ತುಳಿದರೆ ಅದು ಮೊದಲು ಒಂದು ಸಲ ಕೆಮ್ಮಿ ಆಮೇಲೆ ಹಾಡುತ್ತಿತ್ತು. ಅದರ ಮುಚ್ಚಳದ ಒಳಗೆ ಒಂದು ದಪ್ಪ ಪುಸ್ತಕ ಸಿಕ್ಕಿತು. ಬ್ರಿಟನ್ನಿನ ಹಳ್ಳಿ ಪದಗಳನ್ನೂ ಕವಿತೆಗಳನ್ನೂ ತೆಗೆದುಕೊಂಡು ಅಲ್ಲಿಯ ದೊಡ್ಡ ಸಂಗೀತಗಾರರು ಪಿಯಾನೋ ಜೊತೆ ಹಾಡಲು ಕಟ್ಟಿದ್ದ ಪುಸ್ತಕ. ಐದು ಗೆರೆಗಳ ಮೇಲೆ ಇರುವೆ ಹರಿದಾಡಿದ ಹಾಗೆ ಸ್ವರಗಳು. ಅಪ್ಪ ಒಂದು ವರ್ಷ ಭಾನುವಾರವೆಲ್ಲ ಬೆಂಗಳೂರು ಬಸ್ಸು ಹಿಡಿದು, ಒಬ್ಬ ಮುದುಕಿ ಪಿಯಾನೋ ಟೀಚರಮ್ಮನ ಹತ್ತಿರ ಆ ಇರುವೆಗಳನ್ನು ಓದಲು ಕಲಿತು ಬಂದರು. ಅಮ್ಮ ಆ ಪುಸ್ತಕವನ್ನು ಸವತಿ ಎಂದು ಕರೆಯುತ್ತಿದ್ದಳು, ಅರ್ಧ ತಮಾಷೆಗೆ.

"ನೋಡು ರತ್ನಿ, ಇವ್ರೆಲ್ಲ ದೊಡ್ಡ ದೊಡ್ಡ ವಿದ್ವಾಂಸರು. ಆದ್ರೂ ಸೈಕಲ್ ಹತ್ತಿ ಹಳ್ಳಿಗೆ ಹೋಗಿ, ಕುರಿ ಕಾಯೋರ ಹತ್ರ, ಬಟ್ಟೆ ಒಗೆಯೋರ ಹತ್ರ ಕೂತು ಪದ ಬರ್ಕೊಂಡ್ರು" ಎನ್ನುತ್ತಿದ್ದರು ಅಪ್ಪ. "ಹಾಡಿನ ಜೊತೆ ನುಡಿಸೋ ಬಾಜಾ ಹೆಂಗೆ ಕಟ್ಟವ್ರೆ ಕೇಳು. ಹಾಡು ಹೊಲಕ್ಕೆ ಹೋದ್ರೆ ಬಾಜಾ ನಾಯಿ ತರ ಅದರ ಹಿಂದೆ ಓಡಲ್ಲ. ಮನೇಲೇ ಕೂತು ದಾರಿ ಕಾಯುತ್ತೆ."

ನನಗೆ ಬಾಜಾದ ಮರ್ಮ ತಿಳಿಯುತ್ತಿರಲಿಲ್ಲ. ನನ್ನ ಕಣ್ಣೆಲ್ಲ ಪುಟದ ತಲೆಯ ಮೇಲೆ. ಅಲ್ಲಿ ಸಂಗೀತಗಾರನ ಹೆಸರು ದಪ್ಪ ಅಕ್ಷರದಲ್ಲಿತ್ತು. ಪದ ಹೇಳಿಕೊಟ್ಟವರ ಹೆಸರು ಎಲ್ಲೋ ಕೆಳಗೆ ಸಾಸಿವೆ ಗಾತ್ರದಲ್ಲಿ, ಕೆಲವು ಪುಟದಲ್ಲಿ ಬರೀ ಒಬ್ಬ ಮುದುಕ ಎಂದು, ಕೆಲವು ಪುಟದಲ್ಲಿ ಅದೂ ಇಲ್ಲ. ನನಗೆ ದಪ್ಪ ಅಕ್ಷರ ಬೇಕಿತ್ತು. ಸಂಜೆ ಅಪ್ಪನ ಸ್ಕೂಲಿನವರು ಕಾಫಿಗೆ ಬಂದರೆ ನಾನು ಅರ್ಥ ಗೊತ್ತಿಲ್ಲದ ಇಂಗ್ಲಿಷ್ ಪದಗಳನ್ನು ಹಾಡುತ್ತಿದ್ದೆ. ಸಮುದ್ರಕ್ಕೆ ಹೋದ ಗಂಡನನ್ನು ಕಾಯುವ ಹುಡುಗಿ, ಕಳೆದುಹೋದ ಕುರಿಮರಿ. ಸಮುದ್ರ ನಾನು ನೋಡಿರಲಿಲ್ಲ, ನಮ್ಮ ಕೆರೆಯನ್ನೇ ನೆನೆಸಿಕೊಂಡು ಹಾಡುತ್ತಿದ್ದೆ. ಹೆಡ್‌ಮಾಸ್ಟರು "ಪೊಣ್ಣು ರೊಂಬ ನಲ್ಲಾ ಪಾಡುದು ಸಾರ್" ಎಂದು ತಮಿಳಿನಲ್ಲಿ ಹೊಗಳಿ ಇನ್ನೊಂದು ಚಕ್ಕುಲಿ ಮುರಿಯುತ್ತಿದ್ದರು. ನನ್ನ ದನಿ ದಾರದಷ್ಟು ಸಣ್ಣದು ಎಂದು ನನಗೆ ಯಾರೂ ಹೇಳಿರಲಿಲ್ಲ. ಹೋಲಿಸಲು ಮನೆಯಲ್ಲಿ ಇನ್ನೊಂದು ದನಿಯೇ ಇರಲಿಲ್ಲವಲ್ಲ.

ಆ ಇನ್ನೊಂದು ದನಿ ಒಂದು ತಗಡಿನ ಟ್ರಂಕು, ಒಂದು ಚೀಲ ಅವರೆಕಾಯಿ ಹಿಡಿದುಕೊಂಡು ಬಂತು. ಅಮ್ಮನ ಅಕ್ಕನ ಮಗಳು ಸಾಕಮ್ಮ. ನಮ್ಮ ದೊಡ್ಡಮ್ಮನ ಊರು ಅಂಚೆಟ್ಟಿಯಿಂದಾಚೆ, ಬಸ್ಸು ಇಳಿದ ಮೇಲೂ ಕಾಡುದಾರಿಯಲ್ಲಿ ನಡೆಯಬೇಕು. ಅಲ್ಲಿಯ ಸ್ಕೂಲು ಐದನೇ ಕ್ಲಾಸಿಗೆ ಮುಗಿಯುತ್ತಿತ್ತು. ಅದು ಮುಗಿದು ಎರಡು ವರ್ಷ ಮನೆಯಲ್ಲಿದ್ದವಳನ್ನು ಮುಂದೆ ಓದಲಿ ಎಂದು ನಮ್ಮ ಮನೆಗೆ ಕಳಿಸಿದರು. ನನಗಿಂತ ಎರಡು ವರ್ಷ ದೊಡ್ಡವಳು, ಆದರೂ ನನ್ನದೇ ಕ್ಲಾಸಿಗೆ ಸೇರಿದಳು. ನಾನು ಸಾಕಕ್ಕ ಎನ್ನುತ್ತಿದ್ದೆ. ಮೊದಲ ತಿಂಗಳು ನಾನು ಬಹಳ ಒಳ್ಳೆಯವಳಾಗಿದ್ದೆ, ಅದನ್ನೂ ಹೇಳಿಬಿಡಬೇಕು. ಚಾಪೆಯಲ್ಲಿ ಗೋಡೆ ಪಕ್ಕದ ಜಾಗ ಅವಳಿಗೆ ಬಿಟ್ಟುಕೊಟ್ಟೆ, ನನ್ನ ಎರಡನೇ ರಿಬ್ಬನ್ನು ಅವಳಿಗೆ ಕೊಟ್ಟೆ. ನಮಗಿಂತ ಕೆಳಗಿದ್ದಾರೆ ಎಂದುಕೊಂಡವರಿಗೆ ಒಳ್ಳೆಯವರಾಗುವುದು ಸುಲಭ.

ಊರಿನಲ್ಲಿ ಹಿಟ್ಟಿನ ಮಿಷನ್ ಬಂದು ಎಷ್ಟೋ ಕಾಲವಾಗಿತ್ತು. ಅಮ್ಮ ಮಾತ್ರ ಮಿಷನ್ ಹಿಟ್ಟು ಬಿಸಿಯಾಗಿಬಿಡುತ್ತದೆ, ಮುದ್ದೆಗೆ ರುಚಿ ಇರುವುದಿಲ್ಲ ಎಂದು ಕಲ್ಲನ್ನು ಬಿಟ್ಟಿರಲಿಲ್ಲ. ಸಾಕಕ್ಕ ಬಂದ ಮೇಲೆ ಬೆಳಗಿನ ಬೀಸುವ ಕೆಲಸ ನಮ್ಮಿಬ್ಬರದಾಯಿತು. ಎದುರುಬದುರು ಕೂತು, ಒಂದೇ ಗೂಟವನ್ನು ಇಬ್ಬರೂ ಹಿಡಿದು ತಿರುಗಿಸಬೇಕು. ಅವಳು ಬಲಗೈಯಲ್ಲಿ ಗೂಟ ಹಿಡಿದು, ಎಡಗೈಯಿಂದ ಕಲ್ಲಿನ ಬಾಯಿಗೆ ರಾಗಿ ಹಾಕುತ್ತಾ ಪದ ಹೇಳುತ್ತಿದ್ದಳು. ಬೀಸುವ ಪದಗಳಲ್ಲಿ ಒಂದು ಪದ್ಧತಿ ಇದೆ. ಪದ ಎಲ್ಲರದ್ದೂ ಒಂದೇ, ಆದರೆ ಅದರಲ್ಲಿ ಹೆಸರಿನ ಜಾಗ ಖಾಲಿ. ಹಾಡುವವಳು ತನ್ನ ಅಣ್ಣನದೋ ತವರಿನದೋ ತನಗೆ ಬೇಕಾದವರದೋ ಹೆಸರನ್ನು ಅಲ್ಲಿ ಇಡುತ್ತಾಳೆ. ಸಾಕಕ್ಕನ ಒಂದು ಪದಕ್ಕೆ ನಾಲ್ಕು ನುಡಿ. ಮೂರು ನುಡಿ ಬೀಸುವಾಗ, ನಾಲ್ಕನೆಯದು ಕಲ್ಲು ನಿಂತ ಮೇಲೆ ಹಿಟ್ಟು ಬಾಚುವಾಗ. ನಾಲ್ಕನೆಯದನ್ನು ನಾನು ಕೇಳಿದ್ದೇ ಇಲ್ಲ. ಕಲ್ಲು ನಿಂತ ಕೂಡಲೇ ನಾನು ಕೈಕೊಡವಿ ನಡುಮನೆಗೆ ಓಡುತ್ತಿದ್ದೆ, ಅಪ್ಪನ ಜೊತೆ ಅಭ್ಯಾಸಕ್ಕೆ. ಹಿಟ್ಟು ಬಾಚುವುದು ಅವಳ ಪಾಲಿನ ಕೆಲಸ.

ಆ ಬುಧವಾರ ಬಚ್ಚಲಿನ ಕನ್ನಡಿ ಒಡೆದಿತ್ತೆಂದು ಅಪ್ಪ ಹಿಂದಿನ ಪಡಸಾಲೆಯ ಪಕ್ಕದಲ್ಲೇ ಕಿಟಕಿಗೆ ಕೈಗನ್ನಡಿ ಒರಗಿಸಿಕೊಂಡು ಕ್ಷೌರಕ್ಕೆ ಕೂತಿದ್ದರು. ಸಾಕಕ್ಕ ಶುರು ಮಾಡಿದಳು:

ಹಿಡಿರಾಗಿ ಹಾಕೀನಿ ಗುಡುಗವ್ವ ಕಲ್ಲಮ್ಮ
ಗುಡ್ಡದ ಮ್ಯಾಲಿನ ಮುಗಿಲಂಗೆ – ನನ್ನವ್ವ
ಉದುರವ್ವ ಹಿಟ್ಟು ಮಳೆಯಂಗೆ

ಅಪ್ಪ ಎದ್ದು ಬಂದರು. ಒಂದು ಕೆನ್ನೆ ನುಣ್ಣಗೆ, ಇನ್ನೊಂದು ಕೆನ್ನೆಯ ತುಂಬ ಸೋಪಿನ ನೊರೆ. ಅವಳು ನಾಚಿ ನಿಲ್ಲಿಸಿದಳು.

"ನಿಲ್ಲಿಸ್ಬೇಡಮ್ಮ, ಹಾಡು. ಹಾಡು" ಎಂದರು. ಆಮೇಲೆ ಅಡುಗೆಮನೆ ಕಡೆ ತಿರುಗಿ ಕೂಗಿದರು: "ಏ, ಕೇಳಿದೇನೇ? ಇಷ್ಟು ವರ್ಷ ಆ ಪುಸ್ತಕ ಹಿಡ್ಕೊಂಡು ಕೂತಿದ್ನಲ್ಲ, ನಮ್ಮ ಹಿತ್ತಲಲ್ಲೇ ಇತ್ತಲ್ಲೇ ಇದು!"

ನೊರೆ ಒಣಗಿ ಬಿಳಿ ಸುಣ್ಣದ ಹಾಗಾಗುವವರೆಗೂ ನಿಂತು ಕೇಳಿ, ಕಲ್ಲು ನಿಲ್ಲುವ ಮುಂಚೆಯೇ ಸ್ಕೂಲಿಗೆ ಹೊತ್ತಾಯಿತೆಂದು ಓಡಿದರು. ಅವಳ ದನಿ ತೆಳ್ಳಗಿರಲಿಲ್ಲ, ಸಿಹಿಯೂ ಇರಲಿಲ್ಲ. ತುಂಬಿದ ಕೊಡ ನೆಲಕ್ಕೆ ಇಳಿಸಿದ ಹಾಗೆ ಭಾರವಾಗಿತ್ತು. ನನ್ನ ಹಾಡಿಗೆ ಅಪ್ಪ ತಲೆಯಾಡಿಸಿದ್ದುಂಟು, ಕಣ್ಣು ಒದ್ದೆ ಮಾಡಿಕೊಂಡದ್ದಿಲ್ಲ. ಗೂಟದ ಮೇಲೆ ನನ್ನ ಕೈಯೂ ಇತ್ತು. ಅಷ್ಟು ಹೊತ್ತಿನಲ್ಲಿ ಅಪ್ಪ ಒಂದು ಸಲವೂ ನನ್ನ ಕಡೆ ನೋಡಲಿಲ್ಲ. ನನಗೆ ಆ ಕ್ಷಣ ಸಾಕಕ್ಕನ ಮೇಲೆ ಬಂದ ಸಿಟ್ಟನ್ನು ಈಗ ನೆನೆದರೂ ಕಿವಿ ಬಿಸಿಯಾಗುತ್ತದೆ. ಇವಳು ಊರಿಗೆ ಹೋಗಬೇಕು ಎಂದುಕೊಂಡೆ. ಟ್ರಂಕು ಸಮೇತ.

ಅಂದಿನಿಂದ ಇಂಗ್ಲಿಷ್ ಪುಸ್ತಕ ಮುಚ್ಚಳದೊಳಗೆ ಹೋಯಿತು, ಅದರ ಜೊತೆ ನಾನೂ. ಆ ವಿದ್ವಾಂಸರು ಮಾಡಿದ ಹಾಗೆಯೇ ಸಾಕಕ್ಕನ ಪದಕ್ಕೆ ಬಾಜಾ ಕಟ್ಟಿ ಸ್ಕೂಲಿನ ವಾರ್ಷಿಕೋತ್ಸವದಲ್ಲಿ ಹಾಡಿಸುತ್ತೇನೆ ಎಂದು ಅಪ್ಪ ಹೊರಟರು. ತೊಡಕು ಬಂದದ್ದು ಮೊದಲ ದಿನವೇ. ಹಾರ್ಮೋನಿಯಂ ಪಕ್ಕದಲ್ಲಿ ನಿಲ್ಲಿಸಿದರೆ ಸಾಕಕ್ಕನ ಬಾಯಿಂದ ಪದವೇ ಹೊರಡಲಿಲ್ಲ. ಕೈ ಸುಮ್ಮನೆ ಗಾಳಿಯಲ್ಲಿ ಸುತ್ತುತ್ತಿತ್ತು. "ಕಲ್ಲಿಲ್ದೆ ಬರಾಕಿಲ್ಲ ಚಿಕ್ಕಪ್ಪ" ಎಂದಳು, ಅಳುವ ಹಾಗೆ. ನಾನು ಒಳಗೊಳಗೇ ಕುಣಿದೆ. ಅಪ್ಪ ಪಕ್ಕದ ಮನೆಯ ಇಬ್ಬರನ್ನು ಕರೆದು ಕಲ್ಲನ್ನೇ ಎತ್ತಿಸಿ ನಡುಮನೆಗೆ ತಂದರು. ಹದಿನೆಂಟು ಹೆಜ್ಜೆಯೂ ಹೋಯಿತು, ಅಮ್ಮನ ಸಹನೆಯೂ ಹೋಯಿತು.

"ಏನ್ರೀ ಇದು, ಮನೇನ ಮಿಷನ್ ಮಾಡ್ಬುಟ್ರಾ?" ಎಂದಳು ಅಮ್ಮ. "ನಿಮ್ಮ ಪೆಟ್ಟಿಗೆ ಸಂದೀಲೆಲ್ಲ ಹಿಟ್ಟು ಕೂತೈತೆ."

"ಕಲ್ಲು ಸುಮ್ನೆ ತಿರುಗಿಸ್ಲಿ ಬಿಡೇ. ರಾಗಿ ಹಾಕೋದು ಬೇಡ."

"ಬರಿಗಲ್ಲು ಬೀಸೋದಾ? ಮನೆಗೆ ಒಳ್ಳೇದಾಯ್ತದಾ? ನಾನು ಇರೋಗಂಟ ಅದು ಆಗಲ್ಲ. ಬೀಸಿದ್ರೆ ರಾಗಿ ಹಾಕ್ಬೇಕು. ದಿನಕ್ಕೆ ಎರಡು ಸಲ ಅಭ್ಯಾಸ ಅಂದ್ರೆ ಅಷ್ಟು ಹಿಟ್ಟು ತಿನ್ನೋರ್ಯಾರು?"

"ನಾವೇ" ಎಂದರು ಅಪ್ಪ.

ಹಾಗೇ ಆಯಿತು. ಬೆಳಿಗ್ಗೆ ರಾಗಿ ರೊಟ್ಟಿ, ಮಧ್ಯಾಹ್ನ ಮುದ್ದೆ, ರಾತ್ರಿ ಮುದ್ದೆ, ನಡುವೆ ಅಂಬಲಿ. ಇಡ್ಲಿಯ ಮುಖ ನೋಡದೆ ಎರಡು ತಿಂಗಳಾಯಿತು. ಅಕ್ಕಪಕ್ಕದ ಮನೆಗಳಿಗೆ ಅಮ್ಮ ಹಿಟ್ಟು ಹಂಚಿದಳು, ಅವರೂ ಸಾಕು ಎಂದರು. ಹಾರ್ಮೋನಿಯಂನ ಒಂದು ಸ್ವರದ ಮನೆ ಹಿಟ್ಟು ಕುಡಿದು ಗೊರಗೊರ ಎನ್ನತೊಡಗಿತು. ಒಂದೊಂದು ತುತ್ತು ನುಂಗುವಾಗಲೂ ಇದು ಅವಳ ಹಾಡು ಎಂದು ನನಗೆ ನೆನಪಾಗುತ್ತಿತ್ತು. ಬಾಯಿ ಬಿಟ್ಟು ಹೇಳುವ ಹಾಗಿಲ್ಲ, ಉಗುಳುವ ಹಾಗೂ ಇಲ್ಲ. ಇಷ್ಟರ ಮೇಲೆ ಅಭ್ಯಾಸಕ್ಕೆ ಕಲ್ಲಿನ ಎದುರು ಕೂರುವವಳು ನಾನೇ. ಅವಳಿಗೆ ಹಾಡು, ನನಗೆ ಗೂಟ.

ನನ್ನ ಅಕ್ಷರ ದುಂಡಗಿತ್ತು. ಅದಕ್ಕೆ ಅಭ್ಯಾಸ ಶುರುವಾಗುವ ಮುಂಚೆಯೇ ಅಪ್ಪ ಪದ ಬರೆದುಕೊಳ್ಳುವ ಕೆಲಸ ನನಗೆ ಹಚ್ಚಿದ್ದರು. ಹೊಸ ನೋಟ್‌ಬುಕ್ಕಿನ ಮೊದಲ ಪುಟದ ತಲೆಯ ಮೇಲೆ ತಾವೇ ದಪ್ಪಗೆ ಬರೆದುಕೊಟ್ಟರು: ಹಾಡಿದವರು, ಸಾಕಮ್ಮ, ಅಂಚೆಟ್ಟಿ. ತಮ್ಮ ಹೆಸರನ್ನು ಕೆಳಗೆ ಸಣ್ಣಗೆ ಬರೆದರು.

"ಆ ಪುಸ್ತಕದೋರು ಮಾಡಿದ ತಪ್ಪು ನಾವು ಮಾಡೋದು ಬೇಡ. ಪದ ಯಾರದೋ ಅವರ ಹೆಸರು ಮೇಲಿರ್ಬೇಕು" ಎಂದರು.

ಬರೆಯುವವಳ ಹೆಸರು ಎಲ್ಲಿ ಎಂದು ನಾನು ಕೇಳಲಿಲ್ಲ. ಅವರಿಗೂ ಹೊಳೆಯಲಿಲ್ಲ. ನನ್ನ ಜೀವಮಾನದ ಆಸೆಯ ದಪ್ಪ ಅಕ್ಷರದಲ್ಲಿ ಇನ್ನೊಬ್ಬಳ ಹೆಸರು ನೋಡುತ್ತಾ, ಅದರ ಕೆಳಗೆ ಅವಳ ಪದವನ್ನು ನನ್ನ ದುಂಡು ಅಕ್ಷರದಲ್ಲಿ ಬರೆಯುವುದು ಅಂದರೆ ಏನು ಎಂದು ಅನುಭವಿಸಿದವರಿಗೇ ಗೊತ್ತು. ಅಪ್ಪ ಸ್ಕೂಲಿಗೆ ಹೋಗಿದ್ದ ಒಂದು ಶನಿವಾರ ಸಾಕಕ್ಕ ಕಲ್ಲಿನ ಮುಂದೆ ಕೂತು ನಿಧಾನವಾಗಿ ಹೇಳಿದಳು, ನಾನು ಬರೆದೆ. ಮೂರು ನುಡಿ ಮುಗಿದವು. ಅವಳು ಸೆರಗಿನಂತೆ ಮಡಿಚಿದ ಲಂಗದ ತುದಿಯಿಂದ ಹಿಟ್ಟು ಬಾಚಲು ಶುರು ಮಾಡಿ, ಬಾಯಿ ತೆರೆದಳು. ನಾನು ಪೆನ್ನಿನ ಮುಚ್ಚಳ ಹಾಕಿದೆ.

"ಸಾಕು" ಎಂದೆ.

"ಇನ್ನೊಂದೈತೆ ಕಣಮ್ಮಿ. ಹಿಟ್ಟು ಬಾಚೋದು. ಅದ್ರಾಗೇ ಇರೋದು ಎಲ್ಲ."

"ಅದು ಬೇಡ. ಆ ಇಂಗ್ಲಿಷ್ ಪುಸ್ತಕದಲ್ಲಿ ಎಲ್ಲ ಪದಕ್ಕೂ ಮೂರೇ ನುಡಿ. ನಾಲ್ಕಿದ್ರೆ ಬಾಜಾಕ್ಕೆ ಹೊಂದಲ್ಲ."

ಅಪ್ಪಟ ಸುಳ್ಳು. ಏಳು ನುಡಿಯ ಪದಗಳೂ ಆ ಪುಸ್ತಕದಲ್ಲಿದ್ದವು. ಒಂದು ನುಡಿ ಕಮ್ಮಿಯಾದರೆ ಅವಳು ಸ್ಟೇಜಿನ ಮೇಲೆ ಇರುವ ಹೊತ್ತು ಅಷ್ಟು ಕಮ್ಮಿಯಾಗುತ್ತದೆ, ನನ್ನ ಲೆಕ್ಕ ಅಷ್ಟೇ. ಅವಳು ನನ್ನ ಮುಖ ನೋಡಿದಳು, ನೋಟ್‌ಬುಕ್ಕು ನೋಡಿದಳು.

"ಹಂಗಾ? ಕಾಗ್ದದ ಕಾನೂನು ನಿಮ್ಗೇ ಗೊತ್ತು ಬುಡು" ಎಂದು ಹಿಟ್ಟು ಬಾಚಿಕೊಂಡು ಎದ್ದಳು. ಅಪ್ಪ ಬಂದು ಮೂರೇನಾ ಎಂದು ಕೇಳಿದರು. ಮೂರೇ ಎಂದೆ. ಅವಳೂ ಹೂಂ ಎಂದಳು, ಅಪ್ಪನ ಮುಂದೆ ಅಭ್ಯಾಸದಲ್ಲೂ ಮೂರಕ್ಕೇ ನಿಲ್ಲಿಸುತ್ತಿದ್ದಳು.

ವಾರ್ಷಿಕೋತ್ಸವದ ದಿನ ಎತ್ತಿನ ಗಾಡಿಯಲ್ಲಿ ಕಲ್ಲು ಒಂದು ಕಡೆ, ಹಾರ್ಮೋನಿಯಂ ಒಂದು ಕಡೆ ಕೂತು ಸ್ಕೂಲಿಗೆ ಹೋದವು. ಅಪ್ಪ ನನ್ನನ್ನು ಎದುರು ಕೂರು ಎಂದರು. ನಾನು ಒಲ್ಲೆ ಎಂದೆ. ಊರಿನ ಮುಂದೆ ಬಾಯಿ ಮುಚ್ಚಿಕೊಂಡು ಗೂಟ ತಿರುಗಿಸಲು ನಾನೇನು ಎತ್ತೇ? ಸಾಕಕ್ಕ ನನ್ನ ಕೈ ಹಿಡಿದಳು. "ಬಾರಮ್ಮಿ, ಒಬ್ಳೇ ಆದ್ರೆ ಭಾರ ಆಯ್ತದೆ" ಎಂದಳು. ನಾನು ಕೈ ಕೊಸರಿಕೊಂಡೆ. ಕೊನೆಗೆ ಅವಳೊಬ್ಬಳೇ ಕೂತಳು, ನನಗೆ ಪರದೆ ಎಳೆಯುವ ಹಗ್ಗ ಕೊಟ್ಟರು.

ಅವಳು ಹಾಡಿದಳು. ಕಲ್ಲಿನ ಗುಡುಗು, ಅದರ ಮೇಲೆ ಅವಳ ದನಿ, ಇವೆರಡರಿಂದ ದೂರ ನಿಂತು ಕಾಯುವ ಹಾಗೆ ಅಪ್ಪನ ಬಾಜಾ. ಮನೆಯಲ್ಲಿ ಕಾದು ಕೂರುವ ಬಾಜಾ ಅಂದರೆ ಏನೆಂದು ನನಗೆ ಅವತ್ತು ತಿಳಿಯಿತು, ಹಗ್ಗ ಹಿಡಿದುಕೊಂಡು. ಚೆನ್ನಾಗಿತ್ತು. ಚೆನ್ನಾಗಿದೆ ಎಂದು ಗೊತ್ತಾದ್ದರಿಂದಲೇ ಹೊಟ್ಟೆಯೊಳಗೆ ಕೆಂಡ ಹಾಕಿದ ಹಾಗಾಯಿತು. ಮೂರನೇ ನುಡಿ ಮುಗಿದು, ಕಲ್ಲು ನಿಂತು, ಅಪ್ಪ ಕೊನೆಯ ಸ್ವರ ಒತ್ತಿದರು. ಚಪ್ಪಾಳೆ ಶುರುವಾಯಿತು. ಸಾಕಕ್ಕ ಬಗ್ಗಿ ಹಿಟ್ಟು ಬಾಚುತ್ತಾ ನಾನಿದ್ದ ಕಡೆ ತಲೆ ಎತ್ತಿದಳು. ತುಟಿ ಅಲುಗಿತು. ನಾನು ಹಗ್ಗ ಎಳೆದುಬಿಟ್ಟೆ. ಪರದೆ ಬಿತ್ತು. ನಾನು ಹಿಂದಿನ ಬಾಗಿಲಿನಿಂದ ಮೈದಾನಕ್ಕೆ ಓಡಿಹೋಗಿ, ಚಪ್ಪಾಳೆ ನಿಲ್ಲುವವರೆಗೂ ನಲ್ಲಿಯ ಕೆಳಗೆ ಕಾಲು ತೊಳೆಯುತ್ತಾ ನಿಂತಿದ್ದೆ.

ಆ ವರ್ಷದ ಪರೀಕ್ಷೆ ಮುಗಿದ ಮೇಲೆ ದೊಡ್ಡಮ್ಮನಿಗೆ ಕಾಲು ಮುರಿದು ಸಾಕಕ್ಕ ಊರಿಗೆ ಹೋದಳು, ಮತ್ತೆ ಓದಲು ಬರಲಿಲ್ಲ. ನನಗೆ ಹಬ್ಬವಾಯಿತು. ಕಲ್ಲು ಹಿಂದಿನ ಪಡಸಾಲೆಗೆ ಹೋಯಿತು, ಇಡ್ಲಿ ಮನೆಗೆ ಬಂತು. ಆದರೆ ಅಪ್ಪ ಇಂಗ್ಲಿಷ್ ಪುಸ್ತಕ ತೆಗೆಯಲಿಲ್ಲ. ರಾಗಿ ಪದದ ಬಾಜಾವನ್ನೇ ಮತ್ತೆ ಮತ್ತೆ ತಿದ್ದುತ್ತಿದ್ದರು, ಅದೂ ಕೊನೆಯ ಭಾಗ ಮಾತ್ರ.

"ಕಲ್ಲು ನಿಂತ ಮೇಲೆ ಏನೋ ಒಂದು ಇರ್ಬೇಕು ಕಣಮ್ಮ. ನನ್ಗೆ ಸಿಗ್ತಿಲ್ಲ" ಎನ್ನುತ್ತಿದ್ದರು. "ಇನ್ನೊಂದು ನುಡಿ ಏನಾದ್ರೂ ಇತ್ತಾ?"

"ಇಲ್ಲಪ್ಪ."

ನನ್ನ ಅಕ್ಷರದ ಮೇಲೆ ಅವರಿಗೆ ಎಷ್ಟು ನಂಬಿಕೆಯೆಂದರೆ ಸಾಕಕ್ಕ ಹಬ್ಬಕ್ಕೆ ಬಂದಾಗಲೂ ಅವಳನ್ನು ಕೇಳಲಿಲ್ಲ. ತಮಗೇ ವಿದ್ಯೆ ಸಾಲದು ಎಂದುಕೊಂಡರು. ಅವರು ತೀರಿಕೊಂಡ ಮೇಲೆ ನೋಡಿದರೆ ನೋಟ್‌ಬುಕ್ಕಿನಲ್ಲಿ ಒಂದೇ ಪದಕ್ಕೆ ಏಳು ಮುಕ್ತಾಯ, ಏಳನ್ನೂ ಹೊಡೆದು ಹಾಕಿದ್ದರು. ನಾನು ನೋಟ್‌ಬುಕ್ಕನ್ನು ಟ್ರಂಕಿನ ತಳಕ್ಕೆ ಹಾಕಿದೆ.

ಹೋದ ವರ್ಷ ಅದು ಹೊರಗೆ ಬಂತು. ಅವಲಪಲ್ಲಿಯಲ್ಲಿ ಬಾಡಿಗೆಗಿರುವ ಶ್ವೇತಾ ಎಂಬ ಹುಡುಗಿ, ಗಂಡ ಇಲ್ಲಿಯ ಫ್ಯಾಕ್ಟರಿಯಲ್ಲಿ, ಭಾನುವಾರ ಹತ್ತಾರು ಹೆಂಗಸರನ್ನು ಸೇರಿಸಿ ಹಾಡಿಸುತ್ತಾಳೆ. ನನ್ನನ್ನೂ ಎಳೆದುಕೊಂಡು ಹೋದಳು. ಒಂದು ದಿನ ಬ್ರಿಟಿಷ್ ಸಂಗೀತಗಾರರು ಕಟ್ಟಿದ ಹಳ್ಳಿ ಪದ ಎಂದು ಮೊಬೈಲಿನಲ್ಲಿ ಹಚ್ಚಿದಳು. ಕೋಟು ತೊಟ್ಟ ಗಂಡಸು ದೊಡ್ಡ ಹಾಲಿನಲ್ಲಿ ನಿಂತು ಹಾಡುತ್ತಿದ್ದ. ಎರಡು ಸಾಲಿಗೆ ಗುರುತು ಸಿಕ್ಕಿತು. ಕುರಿಮರಿ ಕಳೆದ ಪದ, ನಾನು ಕೆರೆ ಬೀದಿಯಲ್ಲಿ ಹಾಡುತ್ತಿದ್ದದ್ದು. ಬಾಯಿ ಸುಮ್ಮನಿರದೆ ಅಪ್ಪನ ನೋಟ್‌ಬುಕ್ಕಿನ ವಿಷಯ ಹೇಳಿಬಿಟ್ಟೆ. ಅವಳು ಅದನ್ನು ತರಿಸಿಕೊಂಡು, ಅದರಲ್ಲಿದ್ದ ಬಾಜಾವನ್ನು ಕೀಬೋರ್ಡಿನಲ್ಲಿ ನುಡಿಸಿ, ಕೊನೆಗೆ ಬಂದು ಕೈ ನಿಲ್ಲಿಸಿದಳು.

"ಆಂಟಿ, ಇದು ಮುಗಿದಿಲ್ಲ. ಹಾಡಿದವರು ಇದ್ದಾರಾ?"

ಇದ್ದಳು. ಹಳ್ಳಿಗೆ ಈಗ ದಿನಕ್ಕೆರಡು ಬಸ್ಸು, ಆದರೂ ನಾವು ಶ್ವೇತಾಳ ಕಾರಿನಲ್ಲೇ ಹೋದೆವು. ಸಾಕಕ್ಕನಿಗೆ ಬೆನ್ನು ಬಾಗಿತ್ತು, ಹಲ್ಲು ಅರ್ಧ ಹೋಗಿದ್ದವು. ಕಲ್ಲು ಇದೆಯಾ ಎಂದು ನಾನು ಕೇಳುವ ಮೊದಲೇ ಜಗಲಿಯ ಮೂಲೆಯಲ್ಲಿ ಕಂಡಿತು, ಹುರುಳಿ ಒಡೆಯಲು ಈಗಲೂ ಬಳಸುತ್ತಾರಂತೆ. ಒಬ್ಬಳಿಗೇ ತಿರುಗಿಸಲಾಗದು ಎಂದು ಸೊಸೆ ಮಂಜುಳಾ ಎದುರು ಬಂದು ಕೂತಳು. ಸಾಕಕ್ಕ ಮೊರದಲ್ಲಿ ರಾಗಿ ತಂದಿಟ್ಟುಕೊಂಡಳು, ಶ್ವೇತಾ ಮೊಬೈಲು ಹಿಡಿದಳು. ಮೂರು ನುಡಿ ಆದವು. ಆ ಭಾರವಾದ ದನಿ ಅಲ್ಲಲ್ಲಿ ಬಿರುಕು ಬಿಟ್ಟಿತ್ತು, ಆದರೂ ನನ್ನ ದನಿಗಿಂತ ಮೇಲು. ಕಲ್ಲು ನಿಂತಿತು. ಅರವತ್ತು ದಾಟಿದ ಮೇಲೆ ಮೊದಲ ಸಲ ನಾನು ಎದ್ದು ಓಡಲಿಲ್ಲ. ಅವಳು ಹಿಟ್ಟು ಬಾಚುತ್ತಾ ಹಾಡಿದಳು:

ಒಂದೇ ಗೂಟದ ಮ್ಯಾಲೆ ಹೊಂದಿಕೊಂಡೆರಡು ಕೈ
ಕಲ್ಲು ನಿಂತರೂ ಬಿಸಿ ಆರಲ್ಲ – ಜೊತೆಗಾತಿ
ಮಂಜವ್ವನ ಹೆಸರ ಮರೆಯಲ್ಲ

ಮಂಜುಳಾ ಸುಮ್ಮನೆ ನಕ್ಕಳು, ದಿನಾ ಕೇಳಿದವಳ ಹಾಗೆ.

"ಸಾಕಕ್ಕ, ಕೊನೆಯಲ್ಲಿ ಅವಳ ಹೆಸರು ಯಾಕೆ?"

"ಎದುರಿಗೆ ಗೂಟ ಹಿಡಿದೋರ ಹೆಸ್ರೇ ಅಲ್ವೇನಮ್ಮಿ ಇಡೋದು."

"ಆವಾಗ, ನಮ್ಮ ಮನೇಲಿ, ಯಾರ ಹೆಸರು ಇಡ್ತಿದ್ದೆ?"

"ಇನ್ಯಾರ್ದು? ನಿಂದೇ. ರತ್ನವ್ವನ ಹೆಸರ ಮರೆಯಲ್ಲ ಅಂತ. ದಿನಾ ಹೇಳ್ತಿದ್ದೆ. ನೀನು ಎಲ್ಲಿ ನಿಲ್ತಿದ್ದೆ, ಕಲ್ಲು ನಿಂತೇಟ್ಗೆ ಓಡೋಗ್ಬುಡ್ತಿದ್ದೆ."

"ಸ್ಕೂಲ್ ಫಂಕ್ಷನ್ ದಿನ? ಅವತ್ತು ಎದುರಿಗೆ ಯಾರೂ ಇರ್ಲಿಲ್ಲವಲ್ಲ."

"ಇರ್ಲಿಲ್ಲ. ಆದ್ರೂ ನಿನ್ನೆಸ್ರೇ ಹೇಳ್ದೆ. ಪರದೆ ಬಿದ್ಬುಟ್ಟಿತ್ತು ಬುಡು, ಯಾರ್ಗೂ ಕೇಳ್ಲಿಲ್ಲ."

ಇಡೀ ಊರಿನ ಮುಂದೆ ನನ್ನ ಹೆಸರು ಬರುವುದಿತ್ತು. ಅದನ್ನು ಬರೆಯದೆ ಬಿಟ್ಟವಳೂ ನಾನೇ, ಅದರ ಮೇಲೆ ಪರದೆ ಎಳೆದವಳೂ ನಾನೇ. ಅಪ್ಪ ಏಳು ಸಲ ಹುಡುಕಿ ಸೋತದ್ದು ಆ ಮೂರು ಸಾಲನ್ನು. ಇದನ್ನೆಲ್ಲ ಸಾಕಕ್ಕನಿಗೆ ಹೇಳಿ ಕಾಲು ಹಿಡಿಯಬೇಕಿತ್ತು. ಹೇಳಿದೆ ಕೂಡ, ಆದರೆ ಆ ಸಂಜೆ, ಕಾಫಿ ಕುಡಿದ ಮೇಲೆ. ಆ ಕ್ಷಣದಲ್ಲಿ ನನ್ನ ಕಣ್ಣು ಇದ್ದದ್ದು ಗೂಟದ ಮೇಲೆ ಇನ್ನೂ ಹಾಗೇ ಇದ್ದ ಮಂಜುಳಾಳ ಕೈಯ ಮೇಲೆ. ಇಪ್ಪತ್ತು ವರ್ಷದಿಂದ ಆ ಸೊಸೆ ಕೇಳುತ್ತಿದ್ದಾಳೆ, ಒಂದು ದಿನವೂ ಎದ್ದು ಓಡದೆ. ಹನ್ನೊಂದನೆಯ ವಯಸ್ಸಿನ ಆ ಕೆಂಡ ಆರಿದೆ ಎಂದುಕೊಂಡಿದ್ದೆ, ಆರಿರಲಿಲ್ಲ.

"ಮಂಜುಳಾ, ಸ್ವಲ್ಪ ಏಳಮ್ಮ" ಎಂದೆ. "ಅದು ನನ್ನ ಜಾಗ."

ಮಂಡಿ ನೋವಿಗೆ ಗೋಡೆ ಹಿಡಿದು ಕೂತೆ. ಸಾಕಕ್ಕ ಕಲ್ಲಿನ ಬಾಯಿಗೆ ಇನ್ನೊಂದು ಹಿಡಿ ರಾಗಿ ಹಾಕಿದಳು.